ಮಸ್ಕಿ ನ್ಯಾಯಾಲಯದ ವ್ಯಾಪ್ತಿಗೆ ಮಾತ್ರ

ಮಸ್ಕಿಯಲ್ಲಿ ಯಾರನ್ನು ಕೇಳಿದರೂ ನಮ್ಮ ಮನೆಯವರಿಗೆ ಸೊಕ್ಕು ಜಾಸ್ತಿ ಅನ್ನುತ್ತಾರೆ. ಸುಳ್ಳೇನಲ್ಲ. ನಾನು ಬಳಗಾನೂರಿನಿಂದ ಈ ಮನೆಗೆ ಸೊಸೆಯಾಗಿ ಬಂದಾಗ ನನ್ನ ಹತ್ತಿರ ಇದ್ದದ್ದು ಬರೀ ಸಿಟ್ಟು. ಸೊಕ್ಕನ್ನು ಇಲ್ಲಿಗೆ ಬಂದ ಮೇಲೆ ಕಲಿತೆ, ಕಲಿಸಿದವರು ನನ್ನ ಮಾವ. ಅವರ ಸೊಕ್ಕೂ ನನ್ನ ಸಿಟ್ಟೂ ಒಟ್ಟಾಗಿ ಒಮ್ಮೆ ಸಿಂಧನೂರಿನ ಕೋರ್ಟಿನ ಮೆಟ್ಟಿಲು ಹತ್ತಿದವು. ಅದನ್ನು ನಾನು ಈಗಲೂ ಹೆಮ್ಮೆಯಿಂದಲೇ ನೆನೆಯುತ್ತೇನೆ, ಯಾರು ಏನಾದರೂ ಅಂದುಕೊಳ್ಳಲಿ.

ನಮ್ಮದು ಹಂದರ ಹಾಕುವ ಕಸುಬು. ಅಂಗಡಿಯ ಬೋರ್ಡಿನ ಮೇಲೆ ಶಾಮಿಯಾನ ಎಂದು ಬರೆಸಿದ್ದೇವೆ. ಮಾವನ ಬಾಯಲ್ಲಿ ಅದು ಇವತ್ತಿಗೂ ಹಂದರವೇ. ಬಿದಿರು ಗಳ, ಬೇವಿನ ತಪ್ಪಲಿನ ಕಾಲದಿಂದ ಅವರು ಈ ಕೆಲಸ ಮಾಡಿದವರು. ಈಗ ಕಬ್ಬಿಣದ ಕಂಬ, ಬಣ್ಣಬಣ್ಣದ ಬಟ್ಟೆ, ಜಾಲರಿ ಪರದೆ, ಫೈಬರ್ ಕುರ್ಚಿ ಎಲ್ಲ ಬಂದಿವೆ. ಹೊಸ ಸಾಮಾನಿಗೆ ಮಹಿಳಾ ಸಂಘದ ಸಾಲ ನನ್ನ ಹೆಸರಿನಲ್ಲಿ ಸಿಕ್ಕಿತು, ಹಾಗಾಗಿ ಅಂಗಡಿಯೂ ನನ್ನ ಹೆಸರಿಗೆ ಆಯಿತು. ನನ್ನ ಗಂಡ ಸಾಮಾನು ಸಾಗಿಸುವ ಟಂಟಂ ಗಾಡಿ ಓಡಿಸುತ್ತಾರೆ, ಕಂಬ ನೆಡುತ್ತಾರೆ, ಮಾತು ಕಡಿಮೆ. ಮಾತಿನ ಕೆಲಸ ನನ್ನದು ಮತ್ತು ಮಾವನದು.

ನಮ್ಮ ಮನೆಯಲ್ಲಿ ಒಂದು ಕಟ್ಟಳೆ ಇದೆ. ಮದುವೆ ಮುಗಿದ ಮೇಲೆ ಹಂದರದವರು ಬಾಕಿ ಕೇಳಲು ಆ ಮನೆಗೆ ಹೋಗುವುದಿಲ್ಲ. ಮದುವೆ ಮಾಡಿದ ಯಜಮಾನರೇ ಅಂಗಡಿಗೆ ಬಂದು, ಎಲೆ ಅಡಿಕೆ, ನಾಲ್ಕು ಬುಂದಿ ಉಂಡಿ, ಉಳಿದ ಹಣ ಕೊಟ್ಟು, ಚಹಾ ಕುಡಿದು ಹೋಗಬೇಕು. "ಹಸಿ ಹಂದರದ ಮನಿ ಮುಂದ ನಿಂತು ರೊಕ್ಕ ಕೇಳಬಾರದವಾ. ಅವರ ಮಂಗಳನೂ ಕೆಡತೈತಿ, ನಮ್ಮ ಮರ್ಯಾದಿನೂ ಕೆಡತೈತಿ" ಎಂದು ಮಾವ ನಾನು ಬಂದ ಹೊಸದರಲ್ಲೇ ಹೇಳಿದ್ದರು. ಸುತ್ತಲಿನ ಊರುಗಳ ಮಂದಿಗೂ ಇದು ಗೊತ್ತು. ಕೆಲವರು ತಡ ಮಾಡುತ್ತಿದ್ದರು, ಆದರೆ ಬರುತ್ತಿದ್ದರು. ಉಂಡಿ ಗಟ್ಟಿಯಾಗಿರುತ್ತಿದ್ದವು, ಅಷ್ಟೇ.

ಇನ್ನು ತಾಲೂಕಿನ ಮಾತು. ಮಸ್ಕಿ ಮೊದಲು ಲಿಂಗಸುಗೂರು ತಾಲೂಕಿಗೆ ಸೇರಿತ್ತು. ಒಂದು ಪಹಣಿ ಬೇಕಾದರೂ, ಒಂದು ಸಹಿ ಬೇಕಾದರೂ ಬಸ್ಸು ಹತ್ತಿ ಅಲ್ಲಿಗೆ ಹೋಗಬೇಕು. ಹೋಗಿ ಬರುವುದರಲ್ಲಿ ಆ ದಿನದ ದುಡಿಮೆ ಮುಳುಗಿದಂತೆಯೇ. ಹಾಗಾಗಿ ಮಸ್ಕಿಯನ್ನೇ ತಾಲೂಕು ಮಾಡಿ ಎಂದು ಊರಿನವರು ಧರಣಿ ಕೂತರು. ಅವರ ತಲೆಯ ಮೇಲಿದ್ದ ನೆರಳು ನಮ್ಮದು. ಮಾವ ಬಾಡಿಗೆ ಮುಟ್ಟಲಿಲ್ಲ. ಕೇಳಿದವರಿಗೆ, "ತಾಲೂಕು ಆಗಲಿ, ಆಗ ಎಲ್ಲಾರೂ ಕೂಡಿ ಒಂದು ಉಂಡಿ ಕೊಡ್ರಿ" ಅಂದರು. ಕೊನೆಗೆ ತಾಲೂಕು ಆಯಿತು. ಆವತ್ತಿನಿಂದ ಮಾವನ ನಡಿಗೆಯೇ ಬೇರೆ. ತಹಸೀಲ್ದಾರರ ಕಚೇರಿಯ ಮುಂದೆ ಹಾಯುವಾಗ ತಮ್ಮದೇ ಹೊಲದ ಬದುವಿನ ಮೇಲೆ ನಡೆದಂತೆ ನಡೆಯುತ್ತಿದ್ದರು.

ಆ ಹುರುಪಿನಲ್ಲೇ ಹೊಸ ಬಿಲ್ ಪುಸ್ತಕ ಅಚ್ಚಾಯಿತು. ಹುಬ್ಬಳ್ಳಿಯಿಂದ ಬಟ್ಟೆ ತರುವಾಗ ಅಲ್ಲಿನ ಬಿಲ್ಲಿನ ಕೆಳಗೆ ಸಣ್ಣ ಅಕ್ಷರದಲ್ಲಿ, ಎಲ್ಲ ತಕರಾರುಗಳೂ ಹುಬ್ಬಳ್ಳಿ ನ್ಯಾಯಾಲಯದ ವ್ಯಾಪ್ತಿಗೆ ಮಾತ್ರ ಒಳಪಟ್ಟಿವೆ ಎಂದು ಇದ್ದದ್ದನ್ನು ಮಾವ ನೋಡಿದ್ದರು. ನಮ್ಮ ಬಿಲ್ಲಿನಲ್ಲೂ ಹಾಗೇ ಇರಬೇಕೆಂದು ಹಟ. ಪ್ರೆಸ್ಸಿನವನು ಪ್ರೂಫು ಹಿಡಿದು ಬಂದು ಕೇಳಿದ:

"ಅಜ್ಜಾರ, ಮಸ್ಕಿ ನ್ಯಾಯಾಲಯ ಅಂತ ಬರೆಸೀರಿ. ಮಸ್ಕ್ಯಾಗ ಕೋರ್ಟು ಎಲ್ಲೈತ್ರಿ?"

"ತಾಲೂಕು ಬಂದೈತೋ ಇಲ್ಲೋ?"

"ಬಂದೈತ್ರಿ."

"ಮತ್ತ? ಕೋರ್ಟು ಅದರ ಹಿಂದ ಬರತೈತಿ. ದೊಡ್ಡ ಅಕ್ಷರದಾಗ ಹಾಕು ನೀ."

ಹುಬ್ಬಳ್ಳಿಯವರದು ಸಣ್ಣಕ್ಷರ, ನಮ್ಮದು ದಪ್ಪಕ್ಷರ. ಎಲ್ಲ ತಕರಾರುಗಳೂ ಮಸ್ಕಿ ನ್ಯಾಯಾಲಯದ ವ್ಯಾಪ್ತಿಗೆ ಮಾತ್ರ. ಸುಳ್ಳು ಯಾಕೆ ಹೇಳಲಿ, ನನಗೂ ಬಹಳ ಚೆಂದ ಕಂಡಿತ್ತು. ಬಿಲ್ಲು ಹರಿದು ಕೊಟ್ಟಾಗ ಗಿರಾಕಿಗಳು ಆ ಸಾಲನ್ನು ಓದಿ ಸ್ವಲ್ಪ ನೆಟ್ಟಗೆ ಕೂರುತ್ತಿದ್ದರು.

ಆ ಪುಸ್ತಕದಲ್ಲೇ ಹರಿದ ಒಂದು ಬಿಲ್ಲು ಲಿಂಗಸುಗೂರಿನ ಒಬ್ಬ ಗುತ್ತೇದಾರರ ಕೈಗೆ ಹೋಯಿತು. ರಸ್ತೆ, ಚರಂಡಿ ಕಟ್ಟಿಸುವ ದೊಡ್ಡ ಮನುಷ್ಯರು. ಅವರ ಮಗನಿಗೆ ಸಿಂಧನೂರು ತಾಲೂಕಿನ ವಳಕಮದಿನ್ನಿಯ ರೈತರೊಬ್ಬರ ಮಗಳನ್ನು ತಂದುಕೊಳ್ಳುತ್ತಿದ್ದರು. ಮದುವೆ ಹೆಣ್ಣಿನ ಊರಿನಲ್ಲಿ. ಹೆಣ್ಣಿನವರು ಮನೆಯ ಮುಂದೆ ಹಾಕುವಷ್ಟು ಹಂದರ ಸಾಕೆಂದರು. ಗುತ್ತೇದಾರರು ಕೇಳಲಿಲ್ಲ. "ನಮ್ಮ ಮಂದಿ ದೊಡ್ಡದೈತಿ. ಊಟ ನಿಮ್ಮದು, ಹಂದರ ನಂದು" ಎಂದು ಬೀಗರ ಮುಂದೆ ದೊಡ್ಡಸ್ತಿಕೆ ಮೆರೆದು, ಮಾವನನ್ನೂ ನನ್ನನ್ನೂ ವಳಕಮದಿನ್ನಿಗೆ ಕರೆಸಿ, ಹಂದರ ಹಾಕಬೇಕಾದ ಗದ್ದೆಯ ಬದುವಿನ ಮೇಲೆ ನಿಂತೇ ಮಾತು ಮುಗಿಸಿದರು. ಮುಂಗಡ ಕೊಟ್ಟರು, ಬಿಲ್ಲಿಗೆ ಸಹಿ ಹಾಕಿದರು.

ಆ ಗದ್ದೆಯಲ್ಲಿ ಹಂದರ ನಿಲ್ಲಿಸಿದ್ದು ನನ್ನ ಜಾಣತನ. ಇದನ್ನು ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ. ಭತ್ತ ಕೊಯ್ದ ಗದ್ದೆ ಬೇಸಿಗೆಯಲ್ಲಿ ಮೇಲೆ ಬಿರುಕು ಬಿಟ್ಟಿರುತ್ತದೆ, ಒಳಗೆ ಹಸಿ. ಮಸ್ಕಿಯ ಗಟ್ಟಿ ನೆಲದಲ್ಲಿ ಕಂಬ ನೆಟ್ಟು ಕಲಿತ ನನ್ನ ಗಂಡನಿಗೆ ಅದು ತಿಳಿಯದು. ನಾನು ಬಳಗಾನೂರಿನ ಕಾಲುವೆ ನೀರು ಕುಡಿದು ಬೆಳೆದವಳು. ಪ್ರತಿ ಕಂಬದ ಬುಡಕ್ಕೂ ಹಲಗೆ ಕೊಡಿಸಿದೆ, ಗೂಟಗಳನ್ನು ಗದ್ದೆಯೊಳಗೆ ಹೊಡೆಯದೆ ಬದುವಿಗೆ ಹೊಡೆಸಿದೆ. ಮದುಮಕ್ಕಳ ಮೇಲೆ ಅಕ್ಕಿಕಾಳು ಬೀಳುವ ಹೊತ್ತಿಗೆ ಸರಿಯಾಗಿ ಗಾಳಿ ಎದ್ದಿತು. ಊಟದ ಪಂಕ್ತಿಯ ಎಲೆಗಳು ಹಾರಿದವು, ಯಾರದೋ ರುಮಾಲು ಕಾಲುವೆಗೆ ಬಿತ್ತು, ನಮ್ಮ ಹಂದರದ ಒಂದು ಗೂಟವೂ ಮಿಸುಕಲಿಲ್ಲ. ಗುತ್ತೇದಾರರೇ ಬಂದು, "ಭಾರಿ ಮಾಡೀರಿ" ಅಂದರು.

ಹಾಗೆ ಅಂದವರು ಬಾಕಿ ಕೊಡಲು ಬರಲಿಲ್ಲ. ಕಾರಹುಣ್ಣಿಮೆ ಹೋಯಿತು, ಪಂಚಮಿ ಹೋಯಿತು. ಫೋನು ಮಾಡಿದರೆ ಸೈಟಿನ ಮೇಲೆ ಇದ್ದೇನೆ, ಬಿಲ್ಲು ಪಾಸಾಗಿಲ್ಲ, ಇದೇ ರಾಗ. ಒಂದು ದಿನ ಅಂಗಡಿಯಲ್ಲಿ ಗಿರಾಕಿಗಳು ಕೂತಿದ್ದಾಗಲೇ ಫೋನು ಹಚ್ಚಿದೆ. ಸ್ಪೀಕರ್ ಮೇಲಿತ್ತು. ಎಲ್ಲರಿಗೂ ಕೇಳಿಸಿತು.

"ರೊಕ್ಕ ಬೇಕಂದ್ರ ಲಿಂಗಸುಗೂರಿಗೆ ಬರ್ರಿ. ಮನಿ ಮುಂದ ಕುಂದರ್ರಿ, ನನಗ ಪುರುಸೊತ್ತು ಸಿಕ್ಕಾಗ ಕೊಡ್ತೀನಿ. ನಿಮ್ಮ ಬಾಗಿಲಿಗೆ ಬಂದು ಕೊಟ್ಟು ಹೋಗಾಕ ನೀವೇನು ನಮ್ಮ ಬೀಗರೇನು?"

ಗಿರಾಕಿಗಳು ನೆಲ ನೋಡಿದರು. ನಾನು ಫೋನು ಕಟ್ ಮಾಡಿದೆ. ಮಾವ ಹಣೆಯ ವಿಭೂತಿಯನ್ನು ಒಮ್ಮೆ ಮುಟ್ಟಿಕೊಂಡರು. ಗಿರಾಕಿಗಳು ಎದ್ದು ಹೋದ ಮೇಲೆ ಹೇಳಿದರು:

"ಕೇಸು ಹಾಕವಾ. ಆದ್ರ ಲಿಂಗಸುಗೂರಾಗ ಬ್ಯಾಡ. ಕೇಳಾಕ ಅಂತ ನಾ ಆ ಊರಿಗೆ ಕಾಲಿಡಂಗಿಲ್ಲ. ಅಲ್ಲೇ ಹಾಕಬೇಕು ಅಂದ್ರ ಆ ರೊಕ್ಕ ಬಿಟ್ಟೆ ಅಂತ ತಿಳಕೋ."

ಬಿಡುವುದು ಅವರಿಗೆ ಸುಲಭ, ಸಾಲ ನನ್ನ ಹೆಸರಿನಲ್ಲಿತ್ತು. ಅದಕ್ಕಿಂತ ಹೆಚ್ಚಾಗಿ, ಆ ಮಾತನ್ನು ಗಿರಾಕಿಗಳು ಕೇಳಿಸಿಕೊಂಡಿದ್ದರು. ಒಬ್ಬರು ಬಾರದೆ ದಕ್ಕಿಸಿಕೊಂಡರೆ ಮುಂದಿನ ಮದುವೆ ಕಾಲಕ್ಕೆ ಯಾರೂ ಬರುವುದಿಲ್ಲ. ಆಮೇಲೆ ನಾವು ಮನೆ ಮನೆ ತಿರುಗಬೇಕು. ಮಾವನ ಕಟ್ಟಳೆ ಅವರ ಕಣ್ಣೆದುರಿಗೇ ಸಾಯುವುದನ್ನು ನೋಡಲು ನನ್ನಿಂದ ಆಗುತ್ತಿರಲಿಲ್ಲ.

ಸಿಂಧನೂರಿನಲ್ಲಿ ಒಬ್ಬ ವಕೀಲರಿದ್ದರು. ನನಗಿಂತ ಸ್ವಲ್ಪ ಚಿಕ್ಕವರು, ಮುಸ್ಲಿಮರ ಮನೆಯ ಹೆಣ್ಣುಮಗಳು. ಅವರ ನಿಕಾಹಕ್ಕೂ ನಮ್ಮದೇ ಹಂದರ. ಮಾವನನ್ನು ಕಾಕಾ ಅನ್ನುತ್ತಿದ್ದರು. ಮಾವನ ಜೊತೆ ಅವರ ಕಚೇರಿಯಲ್ಲಿ ಕೂತು ನಾನು ಇಡೀ ಕಥೆ ಹೇಳಿದೆ. ಅವರು ಸಮಾಧಾನವಾಗಿ ಬಿಡಿಸಿ ಹೇಳಿದರು. ಹಣದ ದಾವೆಯನ್ನು ಕೊಡಬೇಕಾದವರು ಇರುವ ಊರಿನ ಕೋರ್ಟಿನಲ್ಲಿ ಹಾಕಬಹುದು, ಅವರು ವ್ಯವಹಾರ ಮಾಡುವ ಊರಿನಲ್ಲಿ ಹಾಕಬಹುದು, ಇಲ್ಲವೇ ಈ ವ್ಯಾಜ್ಯಕ್ಕೆ ಕಾರಣವಾದದ್ದು ಪೂರ್ತಿಯೋ ಸ್ವಲ್ಪವೋ ಎಲ್ಲಿ ನಡೆಯಿತೋ ಅಲ್ಲಿಯೂ ಹಾಕಬಹುದು. ಅದಕ್ಕೆ ಅವರು ಅಧಿಕಾರ ವ್ಯಾಪ್ತಿ ಅನ್ನುತ್ತಿದ್ದರು, ಮಾವ ಹದ್ದು ಅನ್ನುತ್ತಿದ್ದರು. ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯುತ್ತಿತ್ತು.

"ಇನ್ನೊಂದು ಐತ್ರಿ ಕಾಕಾ. ಎಲ್ಲಿ ಕೊಡಬೇಕು ಅಂತ ಮಾತಾಗಿಲ್ಲ ಅಂದ್ರ, ಕೊಡಬೇಕಾದವರೇ ತಗೊಳ್ಳೋರನ್ನ ಹುಡುಕ್ಕೊಂಡು ಹೋಗಿ ಕೊಡಬೇಕು ಅನ್ನೋದು ಹಳೇ ನ್ಯಾಯ."

ಮಾವ ತೊಡೆ ತಟ್ಟಿದರು. "ಕೇಳ್ದೇನವಾ? ನಾ ಹೇಳಿದ್ದು ಬ್ಯಾರೆ ಏನು? ಅವನೇ ಬರಬೇಕು!"

"ತಡೀರಿ. ನಿಮ್ಮ ಊರಿಗೆ ಬಂದು ಕೊಡಬೇಕಿತ್ತು ಅಂತ ನಾವು ಅದನ್ನಷ್ಟೇ ಹಿಡಿದ್ರ, ಮಸ್ಕಿ ಯಾವ ಕೋರ್ಟಿನ ಹದ್ದಿನಾಗ ಬರತೈತೋ ಆ ಕೋರ್ಟಿಗೆ ಹೋಗಬೇಕು. ಅದು ಲಿಂಗಸುಗೂರು."

"ಯಾಕ? ನಮಗ ತಾಲೂಕು ಬಂತಲ್ಲ?"

"ತಹಸೀಲ್ದಾರರು ಬಂದಾರ ಕಾಕಾ. ಕೋರ್ಟು ಇನ್ನೂ ಬಂದಿಲ್ಲ. ಕೋರ್ಟಿನ ಹದ್ದಿಗೆ ಬ್ಯಾರೆ ಹುಕುಂ ಆಗಬೇಕು."

ಮಾವನ ಮುಖ ಸಣ್ಣದಾಯಿತು. ತಾವು ನೆರಳು ಕೊಟ್ಟು ತರಿಸಿದ ತಾಲೂಕು ಅರ್ಧವೇ ಬಂದಿದೆ ಎಂದು ಅವರಿಗೆ ಆವತ್ತು ಗೊತ್ತಾದದ್ದು. ನನಗೂ ಆವತ್ತೇ ಗೊತ್ತಾದದ್ದು, ಆದರೆ ನಾನು ಗೊತ್ತಿದ್ದವಳ ಹಾಗೆ ತಲೆಯಾಡಿಸಿದೆ. ವಕೀಲರು ನಕ್ಕು ಕೇಳಿದರು:

"ಕಂಬ ಎಲ್ಲಿ ನೆಟ್ರಿ?"

"ವಳಕಮದಿನ್ನ್ಯಾಗ" ಅಂದೆ.

"ಮಾತು ಎಲ್ಲಿ ಆತು? ಸಹಿ ಎಲ್ಲಿ ಆತು?"

"ಅಲ್ಲೇ, ಬದುವಿನ ಮ್ಯಾಲ."

"ಹಂಗಾದ್ರ ಸಿಂಧನೂರಾಗ ನಡೀತೈತಿ. ಬಿಲ್ಲು ಕೊಡ್ರಿ ಇಲ್ಲಿ."

ಬಿಲ್ಲು ಕೊಟ್ಟೆ. ಓದುತ್ತ ಓದುತ್ತ ಕೆಳಗಿನ ದಪ್ಪಕ್ಷರಕ್ಕೆ ಬಂದು ವಕೀಲರು ನಿಂತರು. ತಲೆ ಎತ್ತಿ ನನ್ನನ್ನು ನೋಡಿದರು, ನಾನು ಮಾವನನ್ನು ನೋಡಿದೆ, ಮಾವ ಫ್ಯಾನು ನೋಡಿದರು. ಎದುರಿನ ವಕೀಲರು ಇದನ್ನೇ ಹಿಡಿದುಕೊಳ್ಳುತ್ತಾರೆ, ನೀವೇ ಮಸ್ಕಿ ಮಾತ್ರ ಎಂದು ಬರೆದುಕೊಟ್ಟಿದ್ದೀರಿ, ಮಸ್ಕಿ ಅಂದರೆ ಲಿಂಗಸುಗೂರಿನ ಕೋರ್ಟು ಎಂದು ವಾದಿಸುತ್ತಾರೆ, ಅದನ್ನು ನ್ಯಾಯಾಧೀಶರು ಒಪ್ಪಿದರೆ ನಮ್ಮ ದಾವೆಯ ಕಾಗದವನ್ನು ಕೈಗೆ ವಾಪಸು ಕೊಟ್ಟು ಅಲ್ಲಿಗೆ ಹೋಗಿ ಅನ್ನುತ್ತಾರೆ ಎಂದು ಅವರು ಮೊದಲೇ ಎಚ್ಚರಿಸಿದರು. ಆದರೂ ಹಾಕಿ ಅಂದೆ.

ಅವರು ಹೇಳಿದಂತೆಯೇ ಆಯಿತು. ಗುತ್ತೇದಾರರು ತಮ್ಮ ವಕೀಲರನ್ನು ಕರೆದುಕೊಂಡು ಬಂದರು, ಬಾಕಿ ಇಲ್ಲ ಎಂದು ಜೋರಾಗಿ ಏನೂ ವಾದಿಸಲಿಲ್ಲ. ಈ ಕೋರ್ಟಿಗೆ ವ್ಯಾಪ್ತಿಯೇ ಇಲ್ಲ ಎಂಬುದೊಂದೇ ಹಟ. ನ್ಯಾಯಾಧೀಶರು ಮೊದಲು ಆ ಪ್ರಶ್ನೆ ತೀರಲಿ ಎಂದು ಸಾಕ್ಷಿಗೆ ದಿನ ಕೊಟ್ಟರು.

ನಾನು ಕಟಕಟೆ ಹತ್ತಿದ ದಿನ ಹೊಸ ಇಳಕಲ್ ಸೀರೆ ಉಟ್ಟಿದ್ದೆ. ಕೋರ್ಟಿಗೆ ಯಾಕೆ ಇಷ್ಟು ಸಿಂಗಾರ ಎಂದು ಗಂಡ ಕೇಳಿದ್ದರು. ವಾದಿ ನಾನು, ಮುದುಡಿಕೊಂಡು ಹೋಗಬೇಕೇನು ಅಂದಿದ್ದೆ. ಜವಾನ ನನ್ನ ಹೆಸರು ಕೂಗಿದಾಗ ವರಾಂಡದಲ್ಲಿದ್ದವರೆಲ್ಲ ತಿರುಗಿ ನೋಡಿದರು. ನನ್ನ ಹೆಸರನ್ನು ಅಷ್ಟು ಗಟ್ಟಿಯಾಗಿ ಯಾರೂ ಕರೆದಿರಲಿಲ್ಲ. ಎದುರಿನ ವಕೀಲರು ಹಿರಿಯರು, ಕನ್ನಡಕ ಮೂಗಿನ ತುದಿಗೆ.

"ನಿಮ್ಮದು ಯಾವ ತಾಲೂಕಮ್ಮಾ?"

"ಯಾವಾಗಿನದು ಹೇಳ್ಲಿ ಸಾಹೇಬ್ರ? ನಾ ಬಳಗಾನೂರಾಗ ಹುಟ್ಟಿದಾಗ ಸಿಂಧನೂರು ತಾಲೂಕು. ಮಸ್ಕಿಗೆ ಲಗ್ನ ಆಗಿ ಬಂದಾಗ ಲಿಂಗಸುಗೂರು ತಾಲೂಕು. ಈಗ ಎರಡೂ ಊರು ಮಸ್ಕಿ ತಾಲೂಕು. ನಾ ಎಲ್ಲೂ ಹೋಗಿಲ್ರಿ, ತಾಲೂಕುಗಳೇ ತಿರುಗಾಡಾಕತ್ಯಾವು."

ಹಿಂದಿನ ಬೆಂಚಿನವರು ನಕ್ಕರು. ನ್ಯಾಯಾಧೀಶರು ಕೇಳಿದ್ದಕ್ಕೆ ಮಾತ್ರ ಉತ್ತರಿಸಿ ಅಂದರು, ಆದರೆ ಅವರ ತುಟಿಯೂ ಸ್ವಲ್ಪ ಅಲುಗಿತ್ತು. ನಾನು ಬದುವಿನ ಮೇಲೆ ಆದ ಮಾತು, ಹಾಕಿದ ಸಹಿ, ನೆಟ್ಟ ಕಂಬ, ಎದ್ದ ಗಾಳಿ ಎಲ್ಲ ಹೇಳಿ ಇಳಿದೆ. ಗಾಳಿಯ ಮಾತು ಬೇಕಾಗಿರಲಿಲ್ಲವಂತೆ. ಇರಲಿ.

ಆಮೇಲೆ ಮಾವ. ಅವರದು ಒಂದೇ ಗಂಡಾಂತರ, ಆ ದಪ್ಪಕ್ಷರದ ಸಾಲು. ನಮ್ಮ ವಕೀಲರು ಅವರಿಗೆ ಏನೂ ಹೇಳಿಕೊಟ್ಟಿರಲಿಲ್ಲ, ಹೇಳಿಕೊಟ್ಟರೂ ಅವರು ಹೇಳಿಸಿಕೊಳ್ಳುವವರಲ್ಲ. ಎದುರಿನ ವಕೀಲರು ಬಿಲ್ಲನ್ನು ಅವರ ಕೈಗೆ ಕೊಟ್ಟರು.

"ಈ ಸಾಲು ಬರೆಸಿದವರು ನೀವೇನು?"

"ನಾನೇ ರಿ." ಎದೆ ಮುಂದಕ್ಕೆ ಬಂತು.

"ಬರೆಸಿದಾಗ ಮಸ್ಕಿಯಲ್ಲಿ ಕೋರ್ಟು ಇತ್ತೇನು?"

"ಇರ್ಲಿಲ್ರಿ."

"ಮಸ್ಕಿ ಯಾವ ಕೋರ್ಟಿನ ಕೆಳಗೆ ಇತ್ತು?"

"ಲಿಂಗಸುಗೂರು."

"ಅಂದಮೇಲೆ ಮಸ್ಕಿ ನ್ಯಾಯಾಲಯ ಅಂತ ಬರೆಸಿದಾಗ ನಿಮ್ಮ ಮನಸ್ಸಿನಲ್ಲಿ ಇದ್ದದ್ದು ಲಿಂಗಸುಗೂರಿನ ಕೋರ್ಟು. ಹೌದಲ್ಲ?"

ನಾನು ಕಣ್ಣು ಮುಚ್ಚಿಕೊಂಡೆ. ಹೌದು ಅಂದರೆ ಮುಗಿಯಿತು. ಗುತ್ತೇದಾರರು ಬೆಂಚಿನ ಮೇಲೆ ಕಾಲಿನ ಮೇಲೆ ಕಾಲು ಹಾಕಿ ಕೂತಿದ್ದರು.

"ಅಲ್ರೀ" ಅಂದರು ಮಾವ. ಅವರ ದನಿ ಏರಿತು. "ಲಿಂಗಸುಗೂರಿಗೆ ಹೋಗೋದು ತಪ್ಪಲಿ ಅಂತನೇ ನಾವು ತಾಲೂಕು ಕೇಳಿದ್ದು. ನನ್ನ ಹಂದರದಾಗ ಕುಂತು ಕೇಳಿದ್ದು. ಲಿಂಗಸುಗೂರು ಅಂತ ಬರೆಸೋದಿದ್ರ ಲಿಂಗಸುಗೂರು ಅಂತನೇ ಬರೆಸ್ತಿದ್ದೆ, ನನಗೇನು ಅದನ್ನ ಬರಿಯಾಕ ಬರಂಗಿಲ್ಲೇನು? ಆ ಊರಿನ ಮ್ಯಾಲ ನನಗ ಸಿಟ್ಟಿಲ್ರಿ. ಆದ್ರ ನನ್ನ ಬಿಲ್ಲಿನ್ಯಾಗ ನನ್ನ ಊರಿನ ಹೆಸರು ಇರಬೇಕು. ಕೋರ್ಟು ಇಲ್ಲ ಅಂದ್ರ ಅದು ಸರ್ಕಾರದ ಬಾಕಿ, ನಂದಲ್ಲ."

ಹಿರಿಯ ವಕೀಲರು ಕನ್ನಡಕ ತೆಗೆದು ಕೋಟಿನ ತುದಿಯಿಂದ ಒರೆಸಿಕೊಂಡರು. ಪ್ರಶ್ನೆ ಮುಗಿಯಿತು ಎಂದು ಹೇಳಿ ಕೂತುಬಿಟ್ಟರು. ಮಾವ ಕಟಕಟೆಯಿಂದ ಇಳಿದು ಬಂದು ನನ್ನ ಪಕ್ಕ ಕೂತು, "ಕೆಡಿಸಿದ್ನೇನವಾ?" ಎಂದು ಮೆಲ್ಲಗೆ ಕೇಳಿದರು. ನಾನು ಅವರ ಕೈ ಹಿಡಿದುಕೊಂಡೆ. ಮಾವನ ಕೈ ಹಿಡಿದದ್ದು ಅದೇ ಮೊದಲು.

ಆದೇಶದ ದಿನ ನ್ಯಾಯಾಧೀಶರು ಓದಿದ್ದನ್ನು ನಮ್ಮ ವಕೀಲರು ವರಾಂಡದಲ್ಲಿ ನನಗೆ ಮತ್ತೆ ಬಿಡಿಸಿ ಹೇಳಿದರು. ವ್ಯಾಪ್ತಿ ಇರುವ ಕೋರ್ಟುಗಳು ಒಂದಕ್ಕಿಂತ ಹೆಚ್ಚು ಇದ್ದಾಗ, ಅವುಗಳಲ್ಲಿ ಒಂದನ್ನು ಮಾತ್ರ ಆರಿಸಿಕೊಳ್ಳುತ್ತೇವೆ ಎಂದು ಇಬ್ಬರೂ ಒಪ್ಪಂದ ಮಾಡಿಕೊಳ್ಳಬಹುದು. ಆದರೆ ಇಲ್ಲದ ಕೋರ್ಟನ್ನು ಕಾಗದದ ಮೇಲೆ ಹುಟ್ಟಿಸಲು ಯಾರಿಗೂ ಆಗದು. ಆ ಸಾಲು ಬರೆದಾಗ ಮಸ್ಕಿಯಲ್ಲಿ ಕೋರ್ಟು ಇರಲಿಲ್ಲ, ಬರೆಸಿದವರ ಮನಸ್ಸಿನಲ್ಲಿ ಲಿಂಗಸುಗೂರೂ ಇರಲಿಲ್ಲ. ಹಾಗಾಗಿ ಆ ಸಾಲು ಯಾರನ್ನೂ ಕಟ್ಟಿಹಾಕುವುದಿಲ್ಲ. ಮಾತು ಆದದ್ದು, ಸಹಿ ಬಿದ್ದದ್ದು, ಹಂದರ ನಿಂತದ್ದು ವಳಕಮದಿನ್ನಿಯಲ್ಲಿ. ಸಿಂಧನೂರಿನ ಕೋರ್ಟು ಈ ದಾವೆಯನ್ನು ನಡೆಸಬಹುದು.

"ಅಂದ್ರ ನಾ ಬರೆಸಿದ್ದು ದಂಡ ಆತೇನು?" ಎಂದು ಮಾವ ಕೇಳಿದರು.

"ದಂಡ ಆಗಿದ್ದಕ್ಕೇ ಗೆದ್ದೀವ್ರಿ ಕಾಕಾ" ಅಂದರು ವಕೀಲರು.

ಮಾವನಿಗೆ ಅದು ಅಷ್ಟಾಗಿ ಸೇರಲಿಲ್ಲ. ಗೆದ್ದ ಖುಷಿಗೆ ಬಸ್‌ಸ್ಟ್ಯಾಂಡಿನ ಹತ್ತಿರ ಮಿರ್ಚಿ ಭಜಿ ಕೊಡಿಸಿದೆ. ತಿನ್ನುವಾಗಲೂ, ಇವತ್ತಲ್ಲ ನಾಳೆ ಮಸ್ಕಿಗೆ ಕೋರ್ಟು ಬಂದಾಗ ಆ ಸಾಲು ನಿಜವಾಗುತ್ತದೆ ಎಂದು ಗೊಣಗುತ್ತಿದ್ದರು.

ವ್ಯಾಪ್ತಿಯ ಹಟ ಬಿದ್ದುಹೋದ ಮೇಲೆ ಗುತ್ತೇದಾರರ ಬಳಿ ಬೇರೆ ಹತಾರ ಉಳಿಯಲಿಲ್ಲ. ರಾಜಿಗೆ ಬಂದರು. ಪೂರ್ತಿ ಬಾಕಿ ಕೊಡುತ್ತೇನೆ, ಈಗಲೇ ಫೋನಿನಲ್ಲಿ ಹಾಕಿಬಿಡುತ್ತೇನೆ ಎಂದು ಜೇಬಿನಿಂದ ಫೋನು ತೆಗೆದರು. ನಾನು ಹೂಂ ಅನ್ನುವುದರಲ್ಲಿದ್ದೆ. ಮಾವ ಎದ್ದು ನಿಂತು ನ್ಯಾಯಾಧೀಶರಿಗೆ ಕೈ ಮುಗಿದರು.

"ಸಾಹೇಬ್ರ, ಒಂದು ಮಾತು. ಇಷ್ಟು ದಿನ ಎಲ್ಲಾರೂ ಯಾವ ಊರು, ಯಾವ ಹದ್ದು ಅಂತ ಕೇಳಿದ್ರಿ. ಫೋನಿಗೆ ಊರೈತೇನ್ರಿ? ನಮ್ಮ ಅಂಗಡಿಗೆ ಬಂದು ಕೊಡ್ಲಿ. ಬಡ್ಡಿ ಬ್ಯಾಡ, ಖರ್ಚು ಬ್ಯಾಡ. ಬಂದು ಕೊಡ್ಲಿ."

ಗುತ್ತೇದಾರರ ಮುಖ ಕೆಂಪಾಯಿತು. ಅವರ ವಕೀಲರು ಕಿವಿಯಲ್ಲಿ ಏನೋ ಹೇಳಿದರು, ಬಡ್ಡಿ ಬಿಡುತ್ತಿದ್ದಾರಲ್ಲ ಎಂದಿರಬೇಕು. ರಾಜಿ ಅರ್ಜಿಯಲ್ಲಿ, ಪ್ರತಿವಾದಿಯ ಕಡೆಯಿಂದ ಒಂದು ತಿಂಗಳೊಳಗೆ ವಾದಿಯ ಮಸ್ಕಿಯ ಅಂಗಡಿಗೆ ಬಂದು ಬಾಕಿ ಪಾವತಿಸತಕ್ಕದ್ದು ಎಂದು ಬರೆದು ಎಲ್ಲರೂ ಸಹಿ ಹಾಕಿದೆವು. ಬಡ್ಡಿ ಬಿಟ್ಟದ್ದಕ್ಕೆ ನನಗೆ ದಾರಿಯುದ್ದಕ್ಕೂ ಹೊಟ್ಟೆ ಉರಿಯಿತು. ಆದರೆ ಮಾವ ಬಸ್ಸಿನ ಕಿಟಕಿಯ ಪಕ್ಕ ಮೀಸೆ ತಿರುವುತ್ತ ಕೂತದ್ದನ್ನು ನೋಡಿ ಬಾಯಿ ಬಿಡಲಿಲ್ಲ.

ಅಂದಿನಿಂದ ಮಾವ ಅಂಗಡಿ ಬಿಟ್ಟು ಕದಲಲಿಲ್ಲ. ಬೆಳಿಗ್ಗೆ ಪೂಜೆ ಮುಗಿಸಿ, ಒಗೆದ ಧೋತರ ಉಟ್ಟು, ಹಣದ ಗಲ್ಲೆಯ ಪಕ್ಕದ ಕುರ್ಚಿಯಲ್ಲಿ ಕೂತರೆ ಸಂಜೆಯವರೆಗೂ ಅಲ್ಲೇ. ಗುತ್ತೇದಾರರು ಬಂದಾಗ ಕೂರಿಸಲು ಒಂದು ಮೆತ್ತನೆಯ ಕುರ್ಚಿಯನ್ನು ಬೇರೆ ಇಟ್ಟಿದ್ದರು. ಅವರು ಒಳಗೆ ಬಂದಾಗ ತಾವು ಎದ್ದು ನಿಲ್ಲಬೇಕೋ ಬೇಡವೋ ಎಂದು ನನ್ನನ್ನು ಕೇಳಿದರು. ಬೇಡ ಅಂದೆ. ನಿಲ್ಲಬೇಕು, ಬಂದವರು ಬಂದವರೇ ಎಂದು ತಾವೇ ತೀರ್ಮಾನ ಮಾಡಿದರು.

ಗುತ್ತೇದಾರರು ಬರಲಿಲ್ಲ. ಗಡುವು ಮುಗಿಯುತ್ತ ಬಂದಾಗ ಒಂದು ಮಧ್ಯಾಹ್ನ ಲಿಂಗಸುಗೂರು ಕಡೆಯಿಂದ ಬಂದ ಬಸ್ಸಿನಿಂದ ಒಬ್ಬ ಹುಡುಗಿ ಇಳಿದು, ಒಂದು ಚೀಲ ಹಿಡಿದು ನೇರ ಅಂಗಡಿಗೆ ಬಂದಳು. ತುಂಬಿದ ಬಸುರಿ. ಬೆವರು ಒರೆಸಿಕೊಂಡು, ಇದೇ ಅಲ್ಲವೇ ಹಂದರದವರ ಅಂಗಡಿ ಎಂದು ಕೇಳಿದಳು. ಹೌದು ಅಂದೆ.

"ನಾ ನಿಮ್ಮ ಹಂದರದಾಗ ಮದುವಿ ಆದಾಕಿ ರಿ. ವಳಕಮದಿನ್ನಿ ಹೆಣ್ಣು."

ಗುತ್ತೇದಾರರ ಸೊಸೆ. ಬಾಣಂತನಕ್ಕೆ ತವರಿಗೆ ಹೊರಟಿದ್ದಳು. ಕರೆಯಲು ಬಂದಿದ್ದ ಅವಳ ಅಣ್ಣ ಉಳಿದ ಸಾಮಾನು ಹಿಡಿದು ಬಸ್‌ಸ್ಟ್ಯಾಂಡಿನಲ್ಲಿ ಕಾಯುತ್ತಿದ್ದನಂತೆ, ಅವನನ್ನು ಅಲ್ಲೇ ನಿಲ್ಲಿಸಿ ಒಬ್ಬಳೇ ಬಂದಿದ್ದಳು. ಚೀಲದಿಂದ ಹಣದ ಲಕೋಟೆ, ಎಲೆ ಅಡಿಕೆ, ಒಂದು ಡಬ್ಬಿ ಉಂಡಿ ತೆಗೆದು ಗಲ್ಲೆಯ ಮೇಲೆ ಇಟ್ಟಳು.

"ನಮ್ಮ ಮಾವ ಬರಂಗಿಲ್ರಿ. ಯಾರ ಕೈಯಾಗರ ಕೊಟ್ಟು ಕಳಸ್ತೀನಿ ಅಂತ ಕುಂತಿದ್ರು. ಡ್ರೈವರನ ಕೈಯಾಗ ಬ್ಯಾಡ, ಹಾದಿ ಮ್ಯಾಲ ಐತಿ, ನಾ ಕೊಟ್ಟು ಹೋಗ್ತೀನಿ ಅಂದೆ. ಉಂಡಿ ನಾನೇ ಕಟ್ಟೀನಿ. ತಡ ಆತು, ತಪ್ಪು ತಿಳಕೋಬ್ಯಾಡ್ರಿ."

ನಾನು ಮಾವನನ್ನು ನೋಡಿದೆ. ಅವರು ಇಷ್ಟು ದಿನ ಒಗೆದ ಧೋತರ ಉಟ್ಟು ಕಾದದ್ದು ಗುತ್ತೇದಾರರ ಹೆಜ್ಜೆಗೆ. ಈ ಹಣ ಬೇಡ, ಅವನೇ ಬರಲಿ ಎಂದು ವಾಪಸು ಕಳಿಸಿದರೂ ಕಳಿಸುವವರೇ. ಕಳಿಸಿದರೆ ಆ ಹುಡುಗಿ ಅಲ್ಲೇ ಕುಸಿಯುತ್ತಿದ್ದಳು.

ಮಾವ ಎದ್ದು ನಿಂತರು. ಮೆತ್ತನೆಯ ಕುರ್ಚಿಯನ್ನು ತಾವೇ ಎಳೆದು ಅವಳ ಹಿಂದೆ ಇಟ್ಟರು.

"ಕುಂದರವಾ. ನಿಮ್ಮ ಮಾವಗ ಹೇಳು. ಅವರು ಬರಲಿಲ್ಲ ಅಂತ ನಾ ಎಲ್ಲೂ ಅನ್ನಂಗಿಲ್ಲ. ಅವರ ಮನ್ಯಾಗಿನ ದೊಡ್ಡವರು ಬಂದಿದ್ರು ಅಂತೀನಿ."

ಹುಡುಗಿ ಸೆರಗಿನಿಂದ ಕಣ್ಣೊರೆಸಿಕೊಂಡಳು. ನಾನು ಪಾವತಿ ಚೀಟಿ ಬರೆಯಲು ಕೂತೆ. ಯಾರ ಹೆಸರಿಗೆ ಎಂದು ಕೇಳಿದರೆ ಮಾವ, "ಬಂದವರ ಹೆಸರಿಗೆ" ಅಂದರು. ಆಮೇಲೆ ಅವಳ ಚೀಲವನ್ನು ತಾವೇ ಎತ್ತಿಕೊಂಡು, ಬಿಸಿಲಲ್ಲಿ ಅವಳ ಜೊತೆ ನಿಧಾನಕ್ಕೆ ನಡೆಯುತ್ತ ಸಿಂಧನೂರಿನ ಬಸ್ಸಿಗೆ ಹತ್ತಿಸಿ ಬಂದರು.